ನಿನ್ನ ಹತ್ತಿರ ಉಳಿದ ಅರ್ಧ

ಅಕ್ಕಾ,

ನನ್ನ ಹತ್ತಿರವಿರುವ ಅರ್ಧ ಕಾದಂಬರಿಯ ಹಾಳೆಗಳು ಉದುರುತ್ತಿವೆ ಎಂದು ಇವತ್ತು ಲೈಬ್ರರಿಗೆ ಒಯ್ದಿದ್ದೆ. ಅಲ್ಲಿನ ಮೇಡಂ ಹಳೆ ಪುಸ್ತಕಗಳಿಗೆ ಹೊಲಿಗೆ ಹಾಕಿಕೊಡುತ್ತಾರೆ. ನೋಡಿದವರೇ ಕೇಳಿದರು, "ಶುರುವಿನ ಅರ್ಧ ಎಲ್ಲಮ್ಮಾ?"

ಯಾರು ಮೊದಲು ಓದುವುದು ಎಂದು ಜಗಳವಾಡಿ ಕಾದಂಬರಿಯನ್ನೇ ನಡುವೆ ಸೀಳಿಕೊಂಡವರು ನಾವು, ಅದಲುಬದಲು ಮಾಡಿಕೊಳ್ಳುವ ಮೊದಲೇ ನೀನು ಮನೆ ಬಿಟ್ಟು ಹೋದೆ ಎಂದು ಅವರಿಗೆ ಹೇಗೆ ಹೇಳಲಿ? "ಅಕ್ಕನ ಹತ್ರ ಇದೆ" ಎಂದೆ.

"ಅದಕ್ಯಾಕೆ ಒದ್ದಾಡ್ತೀರಾ? ಬರೆದೋರು ತೀರಿಹೋಗಿ ಎಷ್ಟೋ ಕಾಲ ಆಯ್ತು, ಕಾಪಿರೈಟ್ ಅವಧಿನೂ ಮುಗಿದಿದೆ. ಈಗ ಇದು ಎಲ್ಲರ ಸೊತ್ತು. ಪುಕ್ಕಟೆ ಓದಿ, ಕಳ್ಳತನ ಏನಲ್ಲ."

ನನ್ನ ಫೋನ್ ಇಸಿದುಕೊಂಡು ಕಣ್ಣುಮುಚ್ಚಿ ತೆರೆಯುವುದರೊಳಗೆ ಇಡೀ ಪುಸ್ತಕವನ್ನು ಇಳಿಸಿಕೊಟ್ಟರು. ನಾನು ಮುಖ ಗಂಟಿಕ್ಕಿಕೊಂಡು ಎದ್ದು ಬಂದೆ. ಪಾಪ, ಅವರದೇನು ತಪ್ಪು? ಆದರೂ ಮೈ ಉರಿಯುತ್ತಿದೆ. ಇವರನ್ನು ಕೇಳಿದವರು ಯಾರು?

ಕಥೆಯ ಅಣ್ಣತಮ್ಮಂದಿರು ಯಾಕೆ ಕಿತ್ತಾಡಿದರೆಂದು ನಿನಗೆ ಗೊತ್ತು. ಕೊನೆಗೆ ಏನಾದರೆಂದು ನನಗೆ ಗೊತ್ತು. ಅದನ್ನು ಕೇಳುವುದಕ್ಕಾದರೂ ಒಂದು ದಿನ ನಾನು ಫೋನ್ ಮಾಡುತ್ತೇನೆ, ಇಲ್ಲವೇ ನೀನೇ ಮಾಡುತ್ತೀಯ ಎಂದುಕೊಂಡಿದ್ದೆ. ನಮ್ಮಿಬ್ಬರಿಗೆ ಉಳಿದಿದ್ದುದು ಅದೊಂದೇ ನೆಪ. ಈಗ ಅದೂ ಬಿಟ್ಟಿಯಾಗಿ ಸಿಗುತ್ತದಂತೆ.

ಈ ಕಾಗದ ನಿನಗೆ ತಲುಪುವುದಿಲ್ಲ, ನಾನು ಕಳಿಸುವವಳಲ್ಲ. ಆದರೂ ಹೇಳುತ್ತೇನೆ. ನಾನಿನ್ನೂ ಮೊದಲ ಪುಟ ತೆರೆದಿಲ್ಲ. ನಿನಗೂ ಯಾರಾದರೂ ಹೀಗೆ ಉಪಕಾರ ಮಾಡಲು ಬಂದರೆ, ಕೊನೆಯನ್ನು ಓದಬೇಡ.

ನಿನ್ನ ತಂಗಿ