ಮೊದಲ ದನಿ ಕಾಯಬಾರದು

ನ್ಯಾಶ್‌ವಿಲ್, ಮಾರ್ಚ್ 6, 1972, ಸೋಮವಾರ

ಇದೊಂದನ್ನು ಇಲ್ಲಿಯೂ ಬರೆಯದೆ ಬಿಡುವವಳಿದ್ದೆ: ಹಾಡಿನಲ್ಲಿರುವುದು ನಟನೆಯಲ್ಲ. ಜೊತೆಗೆ ಹಾಡುವ ವೆಂಡೆಲ್‌ಗೂ ನನಗೂ ಅದು ನಿಜ. ಕಳೆದ ಚಳಿಗಾಲದಿಂದ.

ಇವತ್ತು ರೆಕಾರ್ಡಿಂಗ್. ಕದ್ದು ಸೇರುವ ಇಬ್ಬರು ಸಂಸಾರಸ್ಥರ ಯುಗಳಗೀತೆ, ಇಬ್ಬರಿಗೂ ಒಂದೇ ಮೈಕು. ನಿರ್ಮಾಪಕ ಗಾಜಿನಾಚೆಯಿಂದ ಕೂಗಿದ— “ಗಂಡ ಹೆಂಡ್ತಿ ಥರ ಹಾಡ್ಬೇಡ್ರಪ್ಪಾ, ನಿದ್ದೆ ಬರುತ್ತೆ! ಕದ್ದು ತಿಂದೋರ ಥರ ಹಾಡಿ.” ಎಲ್ಲರೂ ನಕ್ಕರು. ನಾನೂ. ಎಷ್ಟು ಸಲೀಸಾಗಿ ನಕ್ಕೆ...

ಮಾರ್ಚ್ 29

ರೇಡಿಯೋದಲ್ಲಿ ನಮ್ಮ ಹಾಡು, ಬೆಳಗ್ಗೆ ಒಮ್ಮೆ, ಮಧ್ಯಾಹ್ನ ಮತ್ತೆ. ನನ್ನ ಗಂಡ ಹಾಯ್ಟ್ ಕ್ಷೌರದಂಗಡಿಯಿಂದ ಕುಣಿಯುತ್ತಾ ಬಂದ. “ನನ್ನ ಹೆಂಡ್ತಿ ಎಷ್ಟು ಚೆನ್ನಾಗಿ ಸುಳ್ಳು ಹಾಡ್ತಾಳೆ ನೋಡ್ರೋ ಅಂದೆ. ಅಂಗಡಿಗೆ ಅಂಗಡಿನೇ ಚಪ್ಪಾಳೆ ಹೊಡೀತು ಕಣೇ!” ಹಣೆಗೆ ಮುತ್ತಿಟ್ಟ. ಒಲೆಯ ಮೇಲೆ ಬೀನ್ಸ್ ತಳ ಹಿಡಿಯಿತು.

ಗಂಡ ಕೆಟ್ಟವನಾಗಿದ್ದರೆ... ಅಲ್ಲ, ಅದು ನೆಪ.

ಏಪ್ರಿಲ್ 9, ಭಾನುವಾರ

ಚರ್ಚಿನ ಊಟ ಮುಗಿದು ಪಾತ್ರೆ ತೊಳೆಯುತ್ತಿದ್ದೆ. ವೆಂಡೆಲ್‌ನ ಹೆಂಡತಿ ಓಪಲ್ ಒರೆಸಲು ಪಕ್ಕಕ್ಕೆ ಬಂದು ನಿಂತಳು. ಮದುವೆಗೆ ಮುಂಚೆ ಇದೇ ಚರ್ಚಿನಲ್ಲಿ ಅವನ ಜೊತೆ ಹಾಡುತ್ತಿದ್ದವಳು.

“ಮೊದಲ್ನೇ ದನಿ ಯಾರಿಗೂ ಕಾಯಲ್ಲ, ಅಲ್ವಾ ನೆಲ್ಡಾ? ಎರಡನೇದೇ ಅದರ ಹಿಂದೆ ಓಡ್ಬೇಕು.”

“ಹೌದು.”

“ನಿಮ್ ಹಾಡಲ್ಲಿ ಮೊದಲ್ನೇ ದನಿ ಅವನದು, ಆದ್ರೂ ಕಾಯ್ತಾನೆ. ನೀನು ಉಸಿರು ತಗೊಳ್ಳೋ ತನಕ. ಒಂಚೂರು, ಅಷ್ಟೇ. ನನ್ನ ಬಿಟ್ಟು ಯಾರಿಗೂ ಹಾಗೆ ಕಾದೋನಲ್ಲ.”

ತಟ್ಟೆ ಕೈಯಿಂದ ನೀರಿಗೆ ಜಾರಿತು. ಅವಳೇ ಎತ್ತಿ ಒರೆಸಿದಳು.

“ಹಾಡ್ಬೇಡ ಅನ್ನಲ್ಲ ಕಣೇ. ಮಕ್ಕಳ ಕಾಲಿಗೆ ಶೂ ಬರ್ತಿರೋದು ಅದರಿಂದ್ಲೇ. ನನಗೆ ಕೇಳ್ಸುತ್ತೆ ಅಂತ ಮಾತ್ರ ತಿಳ್ಕೊ.”

ಬೈದಿದ್ದರೆ ತಡೆದುಕೊಳ್ಳುತ್ತಿದ್ದೆ.

ಏಪ್ರಿಲ್ 12, ಬುಧವಾರ

ರೇಡಿಯೋದಲ್ಲಿ ನೇರ ಕಾರ್ಯಕ್ರಮ. ಎರಡನೇ ಚರಣಕ್ಕೆ ಮುಂಚೆ ಉಸಿರೇ ಎಳೆಯಲಿಲ್ಲ— ಅವನು ಮುಂದೆ ಹೋಗಲಿ ಎಂದು. ಹೋಗಲಿಲ್ಲ. ಗಿಟಾರಿನವರು ಒಂದು ಸುತ್ತು ಹೆಚ್ಚಿಗೆ ನುಡಿಸಿದರು. ನನ್ನ ಬಾಯನ್ನೇ ನೋಡುತ್ತಾ ನಿಂತ. ಇಡೀ ಟೆನೆಸ್ಸಿ ಕೇಳುತ್ತಿತ್ತು. ಓಪಲ್ ಕೇಳುತ್ತಿದ್ದಳು. ತಡೆಯಲಾರದೆ ಉಸಿರೆಳೆದೆ. ತಕ್ಷಣ ಶುರು ಮಾಡಿದ.

ಆಮೇಲೆ ಕಾರಿನ ಬಳಿ ಹಿಡಿದು ಕೇಳಿದೆ. “ಯಾಕೆ ನಿಂತೆ? ಹುಚ್ಚಾ ನಿಂಗೆ? ಓಪಲ್‌ಗೆ ಗೊತ್ತು!”

ತೆರೆದಿದ್ದ ಕಾರಿನ ಬಾಗಿಲನ್ನು ಮುಚ್ಚಿದ. “ನೀನಿಲ್ದೆ ಶುರು ಮಾಡೋಕೆ ಬರ್ತಿಲ್ಲ ನೆಲ್ಡಾ. ಪ್ರಯತ್ನ ಪಟ್ಟೆ. ಬರ್ತಿಲ್ಲ.”

ಇಂಥ ಮಾತನ್ನು ಕೇಳಬೇಕೆಂದು ಎಷ್ಟು ಕಾದಿದ್ದೆ. ಕೇಳಿದಾಗ ಕಂಡದ್ದು ಆ ತಟ್ಟೆ ಒರೆಸುತ್ತಿದ್ದ ಕೈ.

ಏಪ್ರಿಲ್ 14, ಶುಕ್ರವಾರ

ರೆಕಾರ್ಡ್ ಕಂಪನಿಗೆ ಕಾಗದ ಬರೆದೆ. ಇನ್ನು ವೆಂಡೆಲ್ ಜೊತೆ ಹಾಡಲಾರೆ, ಬೇಸಿಗೆಯ ಪ್ರವಾಸಕ್ಕೆ ಬೇರೆ ಯಾರನ್ನಾದರೂ ನೋಡಿಕೊಳ್ಳಿ. ಕಾರಣ— ಗಂಟಲು. ಅವನಿಗೆ ಹೇಳಿಲ್ಲ. ಅವನು ಒಮ್ಮೆ ಹೆಸರು ಹಿಡಿದು ಕರೆದರೆ ಸಾಕು, ಕಾಗದ ಹರಿದು ಹಾಕುತ್ತೇನೆ.

ಸ್ಟಾಂಪು ಅಂಟಿಸಿಯಾಯಿತು. ಅಂಚೆಪೆಟ್ಟಿಗೆಯವರೆಗೆ ಹೋದೆ, ಬಂದೆ. ಮತ್ತೆ ಹೋದೆ, ಬಂದೆ.

ನಾಳೆ ಶನಿವಾರ, ರಂಗದ ಮೇಲೆ ನಮ್ಮ ಹಾಡಿದೆ. ಅದೊಂದು ಆಗಲಿ. ಅದೊಂದೇ. ಭಾನುವಾರ ಹೇಗೂ ಅಂಚೆ ಇಲ್ಲ.

ಹಾಕುತ್ತೇನೆ. ಸೋಮವಾರ, ಏಪ್ರಿಲ್ 17—