ಅಕ್ಕನಿಗೆ ನಾನು ಬರೆಯದ ಉತ್ತರ

ಇಮೇಲ್ ಸೇವೆಯ ಬಳಕೆದಾರರ ನೆರವು ವಿಭಾಗದ ಮುಖ್ಯಸ್ಥರೇ,

ನನ್ನ ಖಾತೆಗೆ ಅಂಟಿಕೊಂಡಿರುವ ಆಡ್-ಆನ್ ಎಂಬ ಒಂದು ಹಳೆಯ ಹೆಚ್ಚುವರಿ ಉಪಕರಣವನ್ನು ಕಿತ್ತುಹಾಕಿ ಎಂದು ನಾಲ್ಕು ತಿಂಗಳಿಂದ ನಿಮ್ಮ ವಿಭಾಗವನ್ನು ಬೇಡುತ್ತಿದ್ದೇನೆ. ಹದಿನೇಳು ಸಲ ಬರೆದೆ. ಹದಿನೇಳು ಸಲವೂ ನಿಮ್ಮವರು ನನ್ನ ತಾಳ್ಮೆಗೆ ಧನ್ಯವಾದ ಹೇಳಿದರು. ಇಲ್ಲದ ವಸ್ತುವಿಗೆ ಧನ್ಯವಾದ ಹೇಳುವ ಇಂಥ ಔದಾರ್ಯವನ್ನು ನಾನು ಬೇರೆಲ್ಲೂ ಕಂಡಿಲ್ಲ.

ನಾನು ಕನ್ನಡಕ ಮಾಡಿಕೊಡುವವಳು. ಗಾಜು ಉಜ್ಜುವ ಯಂತ್ರ, ಅಕ್ಷರದ ಹಲಗೆ, ಎರಡು ಕುರ್ಚಿ, ಇಷ್ಟೇ ನನ್ನ ಅಂಗಡಿ. ಕೈಯಲ್ಲಿ ಗಾಜು ಹಿಡಿದಾಗ ಪತ್ರ ನೋಡಲಾಗದು ಎಂದು ಎಂಟು ವರ್ಷದ ಹಿಂದೆ, ಬಂದ ಪತ್ರಕ್ಕೆಲ್ಲ ತಾನೇ ಉತ್ತರ ಕಳಿಸಿ ಬೇರೊಂದು ಕಡತಕ್ಕೆ ತಳ್ಳುವ ಈ ಆಡ್-ಆನ್ ಹಾಕಿಕೊಂಡೆ. ಅದಕ್ಕೆ ನಿಮ್ಮದೇ ಶಿಫಾರಸಿತ್ತು. ಎರಡು ವರ್ಷದ ಬಳಿಕ ಬೇಡವೆಂದು ನಿಲ್ಲಿಸಿದೆ. ಅದನ್ನು ಮಾಡಿದ ಕಂಪನಿಯೂ ಬಾಗಿಲು ಹಾಕಿತು. ಕಳೆದ ಚಳಿಗಾಲದಲ್ಲಿ ನೀವು ಖಾತೆಗಳಿಗೆಲ್ಲ ಹೊಸ ರೂಪ ಕೊಟ್ಟಿರಲ್ಲ, ಆಗ ಅದು ನನಗೆ ತಿಳಿಯದಂತೆ ಮತ್ತೆ ಎದ್ದು ಕೂತಿತು.

ಅದೇ ವಾರ ಅಕ್ಕ ಬರೆದಳು. ಅಮ್ಮನನ್ನು ಯಾರು ನೋಡಿಕೊಳ್ಳಬೇಕೆಂಬ ಜಗಳದಲ್ಲಿ ನಾವು ಮಾತು ಬಿಟ್ಟು ಒಂಬತ್ತು ವರ್ಷವಾಗಿತ್ತು. ಅಕ್ಕನ ಗಂಟಲಲ್ಲಿ ಗಡ್ಡೆ, ಹತ್ತು ದಿನದಲ್ಲಿ ಶಸ್ತ್ರಚಿಕಿತ್ಸೆ, ಆಮೇಲೆ ದನಿ ಇರುವುದಿಲ್ಲ. ‘ದನಿ ಹೋಗೋ ಮುಂಚೆ ನಿನ್ನ ಜೊತೆ ಒಂದ್ಸಲ ಮಾತಾಡ್ಬೇಕು ಕಣೆ. ಯಾವಾಗ ಫೋನ್ ಮಾಡ್ಲಿ?’ ಎಂದು ಕೇಳಿದ್ದಳು. ಆ ಪತ್ರ ನನ್ನ ಕಣ್ಣಿಗೆ ಬೀಳದೆ ಬೇರೆ ಕಡತ ಸೇರಿತು. ಅರೆಕ್ಷಣದಲ್ಲಿ ನನ್ನ ಹೆಸರಿನಲ್ಲಿ ಉತ್ತರ ಹೋಯಿತು: ‘ನಿಮ್ಮ ಕೋರಿಕೆ ತಲುಪಿದೆ. ಸರದಿ ಬಂದಾಗ ತಿಳಿಸುತ್ತೇವೆ.’

ಅಕ್ಕ ಅದನ್ನು ನನ್ನ ಮಾತೆಂದೇ ನಂಬಿದಳು. ಏಕೆ ನಂಬಬಾರದು? ಆ ಜಗಳದಲ್ಲಿ ನಾನು ಇದಕ್ಕಿಂತ ಕೆಟ್ಟದಾಗಿ ಮಾತಾಡಿದ್ದೆ.

ಭಾವನಿಂದ ನನಗೆ ವಿಷಯ ತಿಳಿಯುವ ಹೊತ್ತಿಗೆ ಶಸ್ತ್ರಚಿಕಿತ್ಸೆ ಮುಗಿದು ಮೂರು ವಾರವಾಗಿತ್ತು. ಎದ್ದೆನೋ ಬಿದ್ದೆನೋ ಎಂದು ಓಡಿದೆ. ಅಕ್ಕ ಹಾಸಿಗೆಯಲ್ಲಿ ಗೋಡೆಗೆ ಒರಗಿ ಕೂತಿದ್ದಳು. ಆಡ್-ಆನ್ ಎಂದರೇನೆಂದು ಅಳುತ್ತಳುತ್ತಲೇ ವಿವರಿಸಿದೆ. ನನ್ನ ಕಿವಿಗೇ ಅದು ಸುಳ್ಳಿನಂತೆ ಕೇಳಿಸಿತು. ಅವಳು ನೋಟ್‌ಪುಸ್ತಕದಲ್ಲಿ ಬರೆದು ನನ್ನತ್ತ ತಿರುಗಿಸಿದಳು: ‘ಹತ್ತು ದಿನಾನೂ ಫೋನ್ ಪಕ್ಕದಲ್ಲೇ ಇಟ್ಕೊಂಡಿದ್ದೆ.’

ಇನ್ನು ನಿಮ್ಮ ನೆರವಿನ ವೈಭವ. ಆ ಆಡ್-ಆನ್ ತೀರಾ ಹಳೆಯದಾದ್ದರಿಂದ ಹೊಸ ಸೆಟ್ಟಿಂಗ್ಸ್ ಪಟ್ಟಿಯಲ್ಲಿ ಕಾಣುವುದಿಲ್ಲವಂತೆ. ‘ಕಾಣ್ದೇ ಇರೋದನ್ನ ತೆಗೆಯೋ ಬಟನ್ ನಮ್ಮ ಹತ್ರ ಇಲ್ಲ ಮೇಡಂ’ ಎಂದ ನಿಮ್ಮ ನೌಕರ. ಬಾಗಿಲು ಹಾಕಿದ ಕಂಪನಿಯನ್ನೇ ಕೇಳಬೇಕಂತೆ. ಅದಾಗದಿದ್ದರೆ ನಾನೇ ಹೊಸ ಖಾತೆ ತೆರೆಯಬೇಕಂತೆ. ಕಳ್ಳ ಹೊಕ್ಕಿದ್ದಾನೆಂದರೆ ಮನೆಯವರೇ ಮನೆ ಬಿಡಬೇಕೇ? ಹೇಳುವವರು ಕೇಳುವವರು ಇಲ್ಲದ ಉಪಕರಣಕ್ಕೆ ನನ್ನ ಪತ್ರ ಓದುವ ಅನುಮತಿ ಇನ್ನೂ ಇದೆ. ಅದನ್ನು ಹಿಂಪಡೆಯುವ ಅನುಮತಿ ನನಗಿಲ್ಲ. ಈ ಖಾತೆ ಯಾರದು ಸ್ವಾಮಿ?

ಅಕ್ಕನಿಗೆ ಈಗ ಬರೆಯುವುದೇ ಮಾತು. ದಿನಕ್ಕೆರಡು ಪತ್ರ ಬರೆಯುತ್ತಾಳೆ. ಪ್ರತಿ ಸಲವೂ ನನಗಿಂತ ಮೊದಲು ಆ ದರಿದ್ರ ಉಪಕರಣವೇ ಉತ್ತರಿಸುತ್ತದೆ.

ಈ ವಾರದೊಳಗೆ ಅದನ್ನು ಬೇರುಸಹಿತ ಕಿತ್ತುಹಾಕಿ. ಇಂಥ ಹಳೆಯದನ್ನು ತೆಗೆಯುವ ದಾರಿಯನ್ನು ಎಲ್ಲ ಬಳಕೆದಾರರಿಗೂ ಕೊಡಿ. ನಿಮ್ಮ ಕ್ಷಮಾಪಣೆ ನನಗೆ ಬೇಡ. ಆದರೆ ಆ ಎರಡು ಸಾಲು ನಾನು ಬರೆದದ್ದಲ್ಲ ಎಂದು, ನಿಮ್ಮ ಸಹಿ ಹಾಕಿ, ಅಕ್ಕನಿಗೊಂದು ಪತ್ರ ಕಳಿಸಿ. ನಂಬಿದ್ದೇನೆ ಎಂದು ಬರೆಯುತ್ತಾಳೆ. ಪೂರ್ತಿ ನಂಬಿಲ್ಲವೆಂದು ನನಗೆ ಗೊತ್ತು.

ಇಂತಿ,
ಆಡದ ಮಾತಿಗೆ ತಲೆತಗ್ಗಿಸಿದ
ಒಬ್ಬ ತಂಗಿ