ಎರಡು ಸಲ ತಟ್ಟಿ ಕಾಯುವ ಭಾಷೆ

ಮನೆಯ ಹಿಂದಿನ ಕೋಣೆ,
ಸೋಮವಾರ ಬೆಳಿಗ್ಗೆ

ಮುದ್ದಿನ ಮೊಮ್ಮಗಳಿಗೆ ಅಜ್ಜನ ಆಶೀರ್ವಾದ.

ಹೇಗಿದ್ದೀಯ ಮಗಳೇ? ಆ ಗುಡ್ಡದ ಮೇಲೆ, ನಿನ್ನ ಆಕಾಶ ಕೇಳುವ ಕೇಂದ್ರದಲ್ಲಿ, ಚಳಿ ಜಾಸ್ತಿ ಅಂದಿದ್ದೆ. ನಾನು ಹೊಲಿದುಕೊಟ್ಟ ಉಣ್ಣೆ ಕೋಟನ್ನು ಹಾಕಿಕೊಳ್ಳುತ್ತೀಯೋ, ಕುರ್ಚಿಗೆ ಹಾಕಿಟ್ಟಿದ್ದೀಯೋ? ಹೊತ್ತಿಗೆ ಸರಿಯಾಗಿ ಊಟ ಮಾಡು, ಆಕಾಶ ಎಲ್ಲಿಗೂ ಓಡಿಹೋಗುವುದಿಲ್ಲ. ಇಲ್ಲಿ ನನ್ನ ಮಂಡಿ ನೋವು ಇದ್ದ ಹಾಗೇ ಇದೆ. ಹೊಲಿಗೆ ಮೆಷಿನ್ನು ನನಗಿಂತ ಗಟ್ಟಿಯಾಗಿದೆ. ನಿಮ್ಮಜ್ಜಿಗೆ ಕಟ್ಟಿದ ಗಂಟಲು ಇನ್ನೂ ಬಿಟ್ಟಿಲ್ಲ, ಆದರೂ ನನ್ನನ್ನು ಬೈಯುವಷ್ಟು ದನಿ ಉಳಿದಿದೆ. ಫೋನಿದ್ದೂ ಕಾಗದ ಯಾಕೆ ಅಂತ ಕೇಳಬೇಡ. ಫೋನಿರುವುದು ನಡುಮನೆಯಲ್ಲಿ, ನಿಮ್ಮಜ್ಜಿಯದು ಟೆಲಿಫೋನ್ ಆಪರೇಟರ್ ಕಿವಿ. ನಾನು ಪಿಸುಗುಟ್ಟಿದರೂ ಅಡುಗೆಮನೆಯಿಂದ ತಿದ್ದುತ್ತಾಳೆ.

ಅವಳಿಗೆ ನಿನ್ನ ಮೇಲಿನ ಸಿಟ್ಟು ಇಳಿದಿಲ್ಲ. ನೀನು ಫೋನ್ ಮಾಡಿದಾಗಲೆಲ್ಲ ಅವಳಿಗೆ ಸ್ನಾನ. ಇಷ್ಟು ಸ್ನಾನ ಮಾಡುವವರು ನಮ್ಮ ಬೀದಿಯಲ್ಲೇ ಇಲ್ಲ. ಕಳೆದ ಸಲ ನಿನ್ನ ಆಫೀಸಿನವರನ್ನು ಊಟಕ್ಕೆ ಕರೆತಂದಾಗ, ಪಾಪ, ಅವಳು ಇಸ್ತ್ರಿ ಮಾಡಿದ ಸೀರೆ ಉಟ್ಟು ಕೂತು, ಭೂಮಿಯವರಿಗೂ ಬೇರೆ ಲೋಕದವರಿಗೂ ಇರುವ ಒಂದೇ ಭಾಷೆಯ ಬಗ್ಗೆ ತನ್ನ ಸಿದ್ಧಾಂತವನ್ನು ಹೇಳಲು ಹೊರಟಿದ್ದಳು. ನೀನು ಮಧ್ಯದಲ್ಲೇ ಕಡ್ಡಿ ಮುರಿದಂತೆ, “ಅಜ್ಜಿ, ಆಕಾಶದಲ್ಲಿ ಟೆಲಿಫೋನ್ ಎಕ್ಸ್‌ಚೇಂಜ್ ಇಲ್ಲ, ಸುಮ್ನಿರು” ಅಂದುಬಿಟ್ಟೆ. ಎಲ್ಲರೂ ನಕ್ಕರು. ಅವಳು ಎದ್ದು ನೀರು ತರಲು ಹೋದವಳು ಮತ್ತೆ ಬಂದು ಕೂರಲಿಲ್ಲ.

ಅವಳು ಮುಗಿಸದೆ ಬಿಟ್ಟ ಮಾತನ್ನು ನಾನು ಮುಗಿಸುತ್ತೇನೆ. ಅವಳು ಟೆಲಿಫೋನ್ ಎಕ್ಸ್‌ಚೇಂಜಿನಲ್ಲಿ ಕೆಲಸಕ್ಕಿದ್ದಾಗ ದೂರದೇಶಕ್ಕೆ ಲೈನು ಕೊಡುವ ಮೊದಲು ತಂತಿಗೆ ಜೀವ ಇದೆಯೋ ಇಲ್ಲವೋ ನೋಡಬೇಕಿತ್ತಂತೆ. ಆ ಕಡೆಯ ಆಪರೇಟರ್ ಮಾತು ಇವಳಿಗೆ ತಿಳಿಯದು, ಇವಳದು ಅವಳಿಗೆ ತಿಳಿಯದು. ಅದಕ್ಕೆ ಪೆನ್ಸಿಲ್‌ನಿಂದ ಬಾಯಿಯ ಹತ್ತಿರದ ಮೈಕಿಗೆ ಎರಡು ಸಲ ತಟ್ಟಿ ಕಾಯುತ್ತಿದ್ದಳು. ಆ ಕಡೆಯಿಂದಲೂ ಎರಡು ಸಲ ಸದ್ದು ಬಂದರೆ ಲೈನು ಸರಿಯಿದೆ ಎಂದರ್ಥ. ತಟ್ಟಿದ ಸದ್ದಿಗೆ ಉತ್ತರ ಕೊಡದೆ, ಪಾಳಿ ಮುಗಿದಿದ್ದರೂ ಎದ್ದು ಹೋಗಬಾರದು ಅನ್ನುವುದು ಆ ಕೋಣೆಯ ಕಟ್ಟುಪಾಡು. ನಿಮ್ಮಜ್ಜಿ ಹೇಳುವುದಿಷ್ಟೇ: ಲೋಕಗಳು ಎಷ್ಟಾದರೂ ಇರಲಿ, ಇಬ್ಬರ ನಡುವೆ ಗೋಡೆಯೋ ನೀರೋ ಕತ್ತಲೋ ಬಂದರೆ ಅವರ ಮೊದಲ ಮಾತು ಒಂದೇ, “ಇದ್ದೀಯಾ?” ಎರಡನೆಯದು, “ಇದ್ದೀನಿ.” ಮಿಕ್ಕದ್ದೆಲ್ಲ ಆಯಾ ಊರಿನ ಮಾತು. ಬೇರೆ ಲೋಕದವರಿಗೆ ಬಾಯಿ, ಕೈ ಏನೂ ಇಲ್ಲದಿದ್ದರೆ ಅಂತ ಕೇಳಿದೆ. “ಕಾಯೋಕೆ ಬರುತ್ತಲ್ಲ, ಸಾಕು ಬಿಡಿ” ಅಂದಳು. ತಾನು ಹಿಡಿದ ಮೊಲಕ್ಕೆ ಮೂರೇ ಕಾಲು. ನಿನ್ನ ಕೆಲಸದ ಬಗ್ಗೆಯೂ ಅವಳದೊಂದು ದೂರಿದೆ: “ನಿಮ್ಮ ಮೊಮ್ಮಗಳು ಆಕಾಶಕ್ಕೆ ಅಷ್ಟು ದೊಡ್ಡ ತಟ್ಟೆ ಆಂಟೆನಾ ಇಟ್ಕೊಂಡು ಬರೀ ಕೇಳ್ತಾಳೆ. ಎಲ್ಲಾ ಲೋಕದವರೂ ಹೀಗೇ ಕಿವಿಗೊಟ್ಟು ಕೂತ್ರೆ ಮೊದಲು ತಟ್ಟೋರು ಯಾರ್ರೀ?”

ಈಚೆಗೆ ಮನೆಯಲ್ಲೂ ಈ ಭಾಷೆ ಶುರುವಾಗಿದೆ. ಬಚ್ಚಲಿನಿಂದ ಚೊಂಬಿನಲ್ಲಿ ಗೋಡೆಗೆ ಎರಡು ಸಲ ತಟ್ಟುತ್ತಾಳೆ. ನಾನು ಕತ್ತರಿಯಿಂದ ಮೇಜಿಗೆ ತಟ್ಟಿ ಉತ್ತರ ಕೊಡಬೇಕು. ಅಡುಗೆಮನೆಯಿಂದ ಸೌಟು, ಮಲಗುವ ಕೋಣೆಯಿಂದ ಬಳೆ. ಇದೆಂಥ ಹುಚ್ಚು ಅಂದರೆ, ಅಭ್ಯಾಸ ಆಗಲಿ ಅನ್ನುತ್ತಾಳೆ. ಮೊನ್ನೆ ಗಿರಾಕಿಯೊಬ್ಬರ ಪ್ಯಾಂಟಿಗೆ ಇಸ್ತ್ರಿ ಹಾಕುತ್ತಾ ಕೂತಿದ್ದ ನನಗೆ ಕೇಳಿಸಲಿಲ್ಲ. ಒದ್ದೆ ಕೈಯಲ್ಲೇ ಬಂದು ಬಾಗಿಲಲ್ಲಿ ನಿಂತಳು. ಬೈಯುತ್ತಾಳೆ ಅಂದುಕೊಂಡೆ, ಬೈಯಲಿಲ್ಲ. ಹೆದರಿದ್ದಳು. ಇಷ್ಟು ವರ್ಷ ಸಂಸಾರ ಮಾಡಿದರೂ ಆ ಮುಖವನ್ನು ನಾನು ನೋಡಿರಲಿಲ್ಲ. ಆಮೇಲೆ ಪ್ಯಾಂಟಿನ ಮಡಿಕೆ ಸೊಟ್ಟಗಾಗಿ ಮತ್ತೆ ಇಸ್ತ್ರಿ ಹಾಕಬೇಕಾಯಿತು.

ಕೋಟಿನ ಗುಂಡಿ ಸಡಿಲವಾದರೆ ನೀನೇ ಹಾಕಲು ಹೋಗಬೇಡ, ಕಳುಹಿಸು. ನಿನ್ನ ಹೊಲಿಗೆ ನನಗೆ ಗೊತ್ತು. ಮೈ ಜೋಪಾನ. ನಿನಗೆ ಒಳ್ಳೆಯದಾಗಲಿ.

ನಿನ್ನ ದರ್ಜಿ ಅಜ್ಜ

ಮರೆತು ಬಿಟ್ಟದ್ದಲ್ಲ, ಬರೆಯಲು ಕೈ ಬರಲಿಲ್ಲ: ಅಜ್ಜಿಯ ಗಂಟಲು ಕಟ್ಟಿರುವುದು ನೆಗಡಿಗಲ್ಲ. ಗಡ್ಡೆಯಂತೆ. ಮುಂದಿನ ವಾರ ಗುರುವಾರ ಆಪರೇಷನ್, ಧ್ವನಿಪೆಟ್ಟಿಗೆಯನ್ನೇ ತೆಗೆಯುತ್ತಾರೆ. ಜೀವಕ್ಕೆ ಭಯವಿಲ್ಲ ಅಂದಿದ್ದಾರೆ ಡಾಕ್ಟರು, ದನಿ ಮಾತ್ರ ಹೋಗುತ್ತದೆ. ನಿನಗೆ ಹೇಳಬಾರದು ಅಂತ ಆಣೆ ಹಾಕಿಸಿಕೊಂಡಿದ್ದಾಳೆ. ಬರೆಯಬಾರದು ಅಂದಿಲ್ಲ. ಈ ಕಾಗದ ಸಿಕ್ಕ ಕೂಡಲೇ ಫೋನ್ ಮಾಡು. ನಾನು ಎತ್ತಿ, ಸದ್ದು ಜೋರು ಮಾಡಿ ಮೇಜಿನ ಮೇಲಿಟ್ಟು ಆಚೆ ಹೋಗುತ್ತೇನೆ. ನೀನು ಮಾತಾಡಬೇಡ, ಎರಡು ಸಲ ತಟ್ಟಿ ಕಾಯಿ. ಎಷ್ಟೇ ಸಿಟ್ಟಿದ್ದರೂ ಅದಕ್ಕೆ ಉತ್ತರ ಕೊಡದೆ ಇರುವವಳಲ್ಲ ಅವಳು. ಆಮೇಲೆ ಬೈಯುತ್ತಾಳೆ, ಬೈಯಲಿ, ಮಧ್ಯೆ ಬಾಯಿ ಹಾಕಬೇಡ. ಆಕಾಶದ ಸದ್ದನ್ನು ಹಿಡಿದಿಡುವ ಯಂತ್ರ ನಿಮ್ಮಲ್ಲಿದೆಯಲ್ಲ, ಆ ಹೊತ್ತಿಗೆ ಅದನ್ನು ಇತ್ತ ತಿರುಗಿಸು. ಬೈಗುಳವನ್ನೂ ಬಿಡದೆ ಎಲ್ಲ ಹಿಡಿದಿಡು. ಸೌಟಿನ ಸದ್ದಾಯಿತು, ಉತ್ತರ ಕೊಡಬೇಕು.